ಹರಾಜುಕು: ಭಾನುವಾರದ ಬೀದಿ

ಟೋಕಿಯೊದ ಶಿಬುಯಾದಲ್ಲಿ ಯಾಮಾನೊತೆ ರೈಲು ಹತ್ತಿದರೆ ಮುಂದಿನ ನಿಲ್ದಾಣವೇ ಹರಾಜುಕು. ಇಲ್ಲಿ ಇಳಿದವರು ಎರಡು ದಿಕ್ಕಿಗೆ ಹಂಚಿಹೋಗುತ್ತಾರೆ. ಪಡುವಣಕ್ಕೆ ತಿರುಗಿದವರು ಮೇಜಿ ಜಿಂಗು ದೇಗುಲಕ್ಕೆ ಹೋಗುವವರು. 1920ರಲ್ಲಿ ಮೇಜಿ ಚಕ್ರವರ್ತಿ ಮತ್ತು ಸಾಮ್ರಾಜ್ಞಿ ಶೋಕೆನ್ ಹೆಸರಿನಲ್ಲಿ ಸ್ಥಾಪನೆಯಾದ ಈ ದೇಗುಲದ ಸುತ್ತ ದಟ್ಟ ಕಾಡಿದೆ. ದೇಶದ ಮೂಲೆಮೂಲೆಯಿಂದ ಜನ ದಾನವಾಗಿ ಕಳಿಸಿದ ಸಸಿಗಳನ್ನು ನೆಟ್ಟು ಬೆಳೆಸಿದ ಕಾಡು. ಮೂಡಣಕ್ಕೆ ತಿರುಗಿದವರಲ್ಲಿ ಹೆಚ್ಚಿನವರು ಹದಿನೈದರಿಂದ ಇಪ್ಪತ್ತೈದರ ಹುಡುಗಿಯರು. ಅವರು ತಕೆಶಿತಾ ಬೀದಿಗೆ ಹೋಗುತ್ತಾರೆ. ಈ ಎರಡರ ನಡುವೆ 1924ರಲ್ಲಿ ಕಟ್ಟಿದ ಮರದ ನಿಲ್ದಾಣವೊಂದಿತ್ತು. ಅದರ ಪಕ್ಕದಲ್ಲಿ ಗಾಜಿನ ಹೊಸ ಕಟ್ಟಡ 2020ರ ಮಾರ್ಚ್‌ನಲ್ಲಿ ತೆರೆಯಿತು, ಹಳೆಯದನ್ನು ಅದೇ ವರ್ಷ ಬಿಚ್ಚಿದರು.

ನವೆಂಬರಿನ ಭಾನುವಾರ. ನನ್ನನ್ನು ಕರೆದುಕೊಂಡು ಬಂದವಳು ಅಕ್ಕನ ಮಗಳು. ಟೋಕಿಯೊದ ಸಾಫ್ಟ್‌ವೇರ್ ಕಂಪನಿಯೊಂದರಲ್ಲಿ ಕೆಲಸ, ಜಪಾನಿ ಭಾಷೆ ಚೆನ್ನಾಗಿ ಬರುತ್ತದೆ. ನಾನು ಜನರ ಹಿಂದೆ ನೇರ ಬೀದಿಯ ಕಡೆ ಹೊರಟರೆ ಅವಳು ತೋಳು ಹಿಡಿದು ನಿಲ್ಲಿಸಿದಳು. “ಚಿಕ್ಕಮ್ಮ, ಮೊದಲು ಸೇತುವೆ ನೋಡೋಣ. ಬೀದಿ ಆಮೇಲೆ.”

ಸೇತುವೆ ಎಂದರೆ ಜಿಂಗುಬಾಶಿ, ರೈಲುಹಳಿಯ ಮೇಲೆ ದೇಗುಲಕ್ಕೆ ದಾಟುವ ಅಗಲವಾದ ಕಲ್ಲುಹಾಸು. ಆ ದಿನಗಳಲ್ಲಿ ಜಪಾನಿನಲ್ಲಿ ಶಿಚಿ-ಗೊ-ಸಾನ್ ನಡೆಯುತ್ತಿರುತ್ತದೆ. ಮೂರು ಮತ್ತು ಏಳು ತುಂಬಿದ ಹೆಣ್ಣುಮಕ್ಕಳನ್ನು, ಐದು ತುಂಬಿದ ಗಂಡುಮಕ್ಕಳನ್ನು ಸಿಂಗರಿಸಿ ದೇಗುಲಕ್ಕೆ ಕರೆದೊಯ್ಯುವ ಹಬ್ಬ. ಏಳರ ಹುಡುಗಿಯರು ಒಬಿ ಎಂಬ ಅಗಲ ಸೊಂಟಪಟ್ಟಿ ಬಿಗಿದು ದೊಡ್ಡವರಂತೆ ನೆಟ್ಟಗೆ ನಡೆಯುತ್ತಿದ್ದರು. ಮೂರರವರಿಗೆ ಒಬಿಯ ಬಿಗಿತವಿಲ್ಲ, ಕಿಮೊನೊ ಮೇಲೆ ಹತ್ತಿ ತುಂಬಿದ ತೋಳಿಲ್ಲದ ಅಂಗಿ ತೊಡಿಸುತ್ತಾರೆ. ಕೈಯಲ್ಲಿ ಉದ್ದನೆಯ ಕಾಗದದ ಚೀಲ, ಅದರೊಳಗೆ ದೀರ್ಘಾಯುಷ್ಯ ಕೋರುವ ಸಕ್ಕರೆ ಕಡ್ಡಿ. ಅವರ ಹಿಂದೆಯೇ ಇಬ್ಬರು ಯುವತಿಯರು ಬಂದು ಸೇತುವೆಯ ಕಟ್ಟೆಗೆ ಒರಗಿ ನಿಂತರು. ಒಬ್ಬಳದು ತಿಳಿನೀಲಿ, ಇನ್ನೊಬ್ಬಳದು ಕಡುಗಪ್ಪು. ತಲೆಯಲ್ಲಿ ದೊಡ್ಡ ಬೋ, ಕತ್ತಿನವರೆಗೆ ಗುಂಡಿ ಹಾಕಿದ ಲೇಸಿನ ರವಿಕೆ, ಒಳಲಂಗದಿಂದ ಗಂಟೆಯಾಕಾರಕ್ಕೆ ಉಬ್ಬಿನಿಂತ ಲಂಗ, ಮೊಣಕಾಲು ಮುಚ್ಚುವ ಕಾಲುಚೀಲ, ಗುಂಡು ಮೂತಿಯ ಬೂಟು, ಕೈಯಲ್ಲಿ ಲೇಸಿನ ಕೊಡೆ. ಹರಾಜುಕುವಿನ ಹೆಸರನ್ನು ಜಗತ್ತಿಗೆ ಮುಟ್ಟಿಸಿದ ಲೋಲಿಟಾ ಉಡುಪು ಇದೇ. ಹೆಸರು ಕೇಳಿದವರಿಗೆ ನಬೊಕೊವನ ಅದೇ ಹೆಸರಿನ ಕಾದಂಬರಿ ನೆನಪಾಗಬಹುದು, ಆದರೆ ಉಟ್ಟವರನ್ನು ನೋಡಿದರೆ ಆ ನೆನಪು ನಿಲ್ಲುವುದಿಲ್ಲ. ಮೈಯ ಆಕಾರವನ್ನು ಇಷ್ಟು ಶ್ರಮಪಟ್ಟು ಮರೆಮಾಡುವ ಉಡುಪು ಈಗಿನ ಫ್ಯಾಷನ್‌ನಲ್ಲಿ ಅಪರೂಪ. ಅದು ಗಂಡಸರ ಕಣ್ಣಿಗಾಗಿ ಹೊಲಿದದ್ದಲ್ಲ.

ಅಕ್ಕನ ಮಗಳು ಅವರ ಹತ್ತಿರ ಹೋಗಿ, ತಲೆಬಾಗಿ ಮಾತಾಡಿಸಿದಳು. ನೀಲಿಯವಳು ವೃದ್ಧರ ಆರೈಕೆ ಕೇಂದ್ರದಲ್ಲಿ ಕೆಲಸ ಮಾಡುತ್ತಾಳೆ, ಕಪ್ಪಿನವಳು ಇನ್ನೂ ಓದುತ್ತಿದ್ದಾಳೆ. ಗೆಳತಿಯರೆಲ್ಲ ಸೇರಿ ಚಹಾ ಕೂಟ ಇಟ್ಟುಕೊಂಡಿದ್ದಾರೆ, ಅಲ್ಲಿಗೆ ಹೊರಟವರು. ನೀಲಿ ಲಂಗ ಅಂಗಡಿಯದ್ದಲ್ಲ, ನಿಪ್ಪೋರಿಯ ಬಟ್ಟೆ ಪೇಟೆಯಿಂದ ಅರಿವೆ ತಂದು ತಾನೇ ಹೊಲಿದದ್ದು ಎಂದಳು. ಲಂಗದ ಅಂಚನ್ನು ಮಗುಚಿ ಒಳಹೊಲಿಗೆಯನ್ನು ತೋರಿಸುವಾಗ ಅವಳ ಮುಖದಲ್ಲಿದ್ದ ಹೆಮ್ಮೆ, ಚೆಂದ ಕಾಣಬೇಕೆಂಬ ಆಸೆಗಿಂತ ಬೇರೆಯದು. ಕೆಲಸ ಕಲಿತವರ ಹೆಮ್ಮೆ ಅದು. ಅದನ್ನು ಕಂಡ ಮೇಲೆ ಇಡೀ ಹರಾಜುಕುವನ್ನು ನಾನು ಅವಳ ಒಳಹೊಲಿಗೆಯ ಕಡೆಯಿಂದಲೇ ನೋಡಿದೆ.

ಲೋಲಿಟಾ ಉಡುಪಿನ ಹೆಸರಾಂತ ಕಂಪನಿಗಳಲ್ಲಿ ‘ಬೇಬಿ, ದ ಸ್ಟಾರ್ಸ್ ಶೈನ್ ಬ್ರೈಟ್’ 1988ರಲ್ಲಿ ಶುರುವಾದದ್ದು. ಇಂಥ ಕಡೆ ಒಂದು ಉಡುಪಿಗೆ ಸುಮಾರು 30 ಸಾವಿರ ಯೆನ್. 2024ರ ಅಕ್ಟೋಬರಿನಲ್ಲಿ ಟೋಕಿಯೊದ ಕನಿಷ್ಠ ಕೂಲಿ ಗಂಟೆಗೆ 1,163 ಯೆನ್ ಆಯಿತು. ಆ ದರದಲ್ಲಿ ಅಂಗಡಿಯಲ್ಲೋ ಹೋಟೆಲಿನಲ್ಲೋ ಇಪ್ಪತ್ತೈದು ಗಂಟೆಗೂ ಹೆಚ್ಚು ದುಡಿದರೆ ಒಂದು ಉಡುಪು. ಬೋ, ಬೂಟು, ಕೊಡೆಯ ಲೆಕ್ಕ ಬೇರೆ. ಹಾಗಾಗಿ ಮೊದಲಿನಿಂದಲೂ ಹುಡುಗಿಯರು ಹೊಲಿಯುತ್ತಲೇ ಬಂದಿದ್ದಾರೆ. 2001ರಲ್ಲಿ ಹೊರಬಂದ ‘ಗಾಥಿಕ್ ಅಂಡ್ ಲೋಲಿಟಾ ಬೈಬಲ್’ ಎಂಬ ಪತ್ರಿಕೆ ತನ್ನ ಸಂಚಿಕೆಗಳ ಜೊತೆಗೆ ಕತ್ತರಿಸಿ ಹೊಲಿಯಲು ಬೇಕಾದ ಕಾಗದದ ನಮೂನೆಗಳನ್ನೂ ಕೊಡುತ್ತಿತ್ತು. ಟೋಕಿಯೊದಿಂದ ದೂರದ ಊರಿನಲ್ಲಿದ್ದ ಹುಡುಗಿಗೂ ಆ ನಮೂನೆ ಸಾಕಾಗುತ್ತಿತ್ತು. 2009ರಲ್ಲಿ ಜಪಾನಿನ ವಿದೇಶಾಂಗ ಸಚಿವಾಲಯ ಮೂವರು ಯುವತಿಯರನ್ನು ‘ಕವಾಯಿ (ಮುದ್ದು) ರಾಯಭಾರಿ’ಗಳೆಂದು ಹೆಸರಿಸಿ ದೇಶದೇಶಕ್ಕೆ ಕಳಿಸಿತು. ಅವರಲ್ಲಿ ಲೋಲಿಟಾ ಉಡುಪನ್ನು ಪ್ರತಿನಿಧಿಸಿದ ಅಓಕಿ ಮಿಸಾಕೊ ವೃತ್ತಿಯಿಂದ ದಾದಿ. ರೂಪದರ್ಶಿಯಾಗಿ ಹೆಸರಾದ ಮೇಲೂ ಆಕೆ ಆ ಕೆಲಸ ಬಿಟ್ಟಿರಲಿಲ್ಲ.

ಸೇತುವೆಯ ಮೇಲೆ ನಿಂತರೆ ಎಡಕ್ಕೆ ಯೊಯೊಗಿ ಉದ್ಯಾನದ ಮರಗಳು. ಎರಡನೆಯ ಮಹಾಯುದ್ಧ ಮುಗಿದ ಮೇಲೆ ಅಲ್ಲಿ ಅಮೆರಿಕದ ಸೈನಿಕ ಕುಟುಂಬಗಳಿಗಾಗಿ ‘ವಾಷಿಂಗ್ಟನ್ ಹೈಟ್ಸ್’ ಎಂಬ ವಸತಿ ಎದ್ದಿತು. ಆ ಕುಟುಂಬಗಳನ್ನು ನೆಚ್ಚಿ ಸುತ್ತಲೂ ಅಂಗಡಿಗಳು ಬಂದವು, ಅಂಗಡಿಗಳಿಗೆ ಪರದೇಶದ ಉಡುಗೆ ತೊಡುಗೆ ಬಂತು. 1964ರ ಒಲಿಂಪಿಕ್ಸ್‌ಗೆ ಅದೇ ಜಾಗ ಕ್ರೀಡಾಗ್ರಾಮವಾಯಿತು, 1967ರಲ್ಲಿ ಉದ್ಯಾನವಾಯಿತು. 1970ರಲ್ಲಿ ಒಕಾವಾ ಹಿತೊಮಿ ಎಂಬಾಕೆ ಹರಾಜುಕುವಿನಲ್ಲಿ ‘ಮಿಲ್ಕ್’ ಎಂಬ ಸಣ್ಣ ಅಂಗಡಿ ತೆರೆದರು. ಹುಡುಗಿಯರಿಗಾಗಿ ಹುಡುಗಿಯೊಬ್ಬಳು ಕಲ್ಪಿಸಿದ ಬಟ್ಟೆಗಳ ಅಂಗಡಿ ಅದು. ಅದೇ ವರ್ಷ ‘ಆನ್‌ಆನ್’, ಮರುವರ್ಷ ‘ನಾನ್‌ನೋ’ ಪತ್ರಿಕೆಗಳು ಹುಟ್ಟಿದವು. ಅವನ್ನು ಕಂಕುಳಲ್ಲಿ ಇಟ್ಟುಕೊಂಡು ಹೊರ ಊರುಗಳ ಯುವತಿಯರು ಜೊತೆಗೂಡಿ ಹರಾಜುಕು ನೋಡಲು ಬರತೊಡಗಿದರು.

ಇಲ್ಲಿ ಒಂದು ಸಂಗತಿಯನ್ನು ಒತ್ತಿ ಹೇಳಲೇಬೇಕು. ಹರಾಜುಕುವನ್ನು ಬೆಳೆಸಿದ್ದು ಅಂಗಡಿಗಳು ಮಾತ್ರವಲ್ಲ, ತೆರವಾದ ರಸ್ತೆ. 1970ರ ದಶಕದ ಕೊನೆಯಿಂದ 1998ರವರೆಗೆ ಉದ್ಯಾನದ ಪಕ್ಕದ ರಸ್ತೆಗೆ ಭಾನುವಾರ ವಾಹನಗಳು ಬರುವಂತಿರಲಿಲ್ಲ. ಜಪಾನಿಯರು ಅದನ್ನು ‘ಹೊಕೊತೆನ್’, ಪಾದಚಾರಿಗಳ ಸ್ವರ್ಗ, ಎಂದು ಕರೆದರು. 1980ರ ಸುಮಾರಿಗೆ ಹದಿಹರೆಯದವರು ಹೊಳೆಯುವ ಗುಲಾಬಿ, ನೇರಳೆ ಬಣ್ಣದ ಸಡಿಲ ನಿಲುವಂಗಿ ತೊಟ್ಟು ಅಲ್ಲಿ ಗುಂಪುಕಟ್ಟಿ ಕುಣಿದರು. ತಕೆಶಿತಾ ಬೀದಿಯ ‘ತಕೆನೊಕೊ’ ಎಂಬ ಅಂಗಡಿಯ ಬಟ್ಟೆ ಅವು, ಹಾಗಾಗಿ ಅವರಿಗೆ ‘ತಕೆನೊಕೊ ಜೊಕು’ ಎಂಬ ಹೆಸರು ಬಿತ್ತು. ಆಮೇಲೆ ಬೀದಿ ವಾದ್ಯವೃಂದಗಳು ಬಂದವು, ಅವರ ಹಿಂದೆ ಅವರ ಅಭಿಮಾನಿ ಹುಡುಗಿಯರು. ಟಿಕೆಟ್ ಇಲ್ಲ, ಕಾಫಿ ಕೊಂಡರೆ ಮಾತ್ರ ಕೂರಬಹುದೆಂಬ ಕಟ್ಟಳೆ ಇಲ್ಲ. ಹೆಣ್ಣುಮಕ್ಕಳು ಕಾಸು ಬಿಚ್ಚದೆ, ಯಾರ ಅಪ್ಪಣೆಯೂ ಇಲ್ಲದೆ, ತಮಗೆ ಬೇಕಾದಂತೆ ಸಿಂಗರಿಸಿಕೊಂಡು ಇಡೀ ದಿನ ನಿಲ್ಲಬಹುದಾದ ಜಾಗ ಯಾವ ಊರಿನಲ್ಲಿ ಎಷ್ಟಿದೆ ಎಂದು ಎಣಿಸಿದರೆ ಇದರ ಬೆಲೆ ತಿಳಿಯುತ್ತದೆ.

ಅಂಥ ಜಾಗ ಯಾಕೆ ಬೇಕಿತ್ತು ಎಂಬುದಕ್ಕೆ ಉತ್ತರ ಸೋಮವಾರದಿಂದ ಶುಕ್ರವಾರದವರೆಗಿನ ಟೋಕಿಯೊದಲ್ಲಿದೆ. ಶಾಲೆಗೆ ಕಡುನೀಲಿ ಸಮವಸ್ತ್ರ, ಅನೇಕ ಶಾಲೆಗಳಲ್ಲಿ ಕೂದಲಿನ ಬಣ್ಣಕ್ಕೂ ಕಾಲುಚೀಲದ ಬಣ್ಣಕ್ಕೂ ನಿಯಮ. ಕಾಲೇಜು ಮುಗಿಯುವ ಹೊತ್ತಿಗೆ ಕೆಲಸ ಹುಡುಕುವ ಕಾಲ ಬರುತ್ತದೆ. ಆಗ ಎಲ್ಲರಿಗೂ ಒಂದೇ ಬಗೆಯ ಕಪ್ಪು ಸೂಟು, ಬಿಳಿ ಅಂಗಿ, ಹಿಂದಕ್ಕೆ ಕಟ್ಟಿದ ಕೂದಲು, ತಗ್ಗು ಹಿಮ್ಮಡಿಯ ಕಪ್ಪು ಬೂಟು. ಕೆಲಸ ಸಿಕ್ಕ ಮೇಲೂ ಎಷ್ಟೋ ಕಡೆ ಹೆಂಗಸರು ಹಿಮ್ಮಡಿ ಎತ್ತರದ ಬೂಟು ತೊಡಲೇಬೇಕೆಂಬ ಕಟ್ಟುಪಾಡು. ನಟಿ, ಲೇಖಕಿ ಇಶಿಕಾವಾ ಯುಮಿ ಇದನ್ನು ಪ್ರಶ್ನಿಸಿ ‘ಕುಟೂ’ ಚಳವಳಿ ಶುರುಮಾಡಿ, ಸಾವಿರಾರು ಜನರ ಸಹಿಯೊಡನೆ 2019ರ ಜೂನ್‌ನಲ್ಲಿ ಕಾರ್ಮಿಕ ಸಚಿವಾಲಯಕ್ಕೆ ಮನವಿ ಸಲ್ಲಿಸಿದರು. ವಿಶ್ವ ಆರ್ಥಿಕ ವೇದಿಕೆಯ 2024ರ ಲಿಂಗಸಮಾನತೆಯ ಪಟ್ಟಿಯಲ್ಲಿ 146 ದೇಶಗಳ ನಡುವೆ ಜಪಾನ್ 118ನೆಯದು. ಭಾರತ 129ನೆಯದು, ಅದೂ ನಮಗೆ ನೆನಪಿರಲಿ. ಇಷ್ಟು ಸಿರಿವಂತ ದೇಶದಲ್ಲಿ ಯುವತಿಯರಿಗೆ ತಮ್ಮ ಇಷ್ಟದ ಅಧಿಕಾರ ಪೂರ್ತಿ ನಡೆಯುವುದು ಇನ್ನೂ ಭಾನುವಾರದ ಉಡುಪಿನ ಮೇಲೆಯೇ ಆದರೆ, ಆ ಉಡುಪಿಗೆ ಅವರು ಇಷ್ಟೊಂದು ಬುದ್ಧಿ, ಹಣ, ಸಮಯ ಸುರಿಯುವುದರಲ್ಲಿ ಆಶ್ಚರ್ಯವೇನೂ ಇಲ್ಲ.

“ನಿನ್ನ ಆಫೀಸಿನಲ್ಲೂ ಹೀಗೇನಾ?” ಎಂದು ಕೇಳಿದೆ.

“ನಮ್ಮಲ್ಲಿ ಪರವಾಗಿಲ್ಲ ಚಿಕ್ಕಮ್ಮ. ಆದರೆ ಇಂಟರ್‌ವ್ಯೂಗೆ ಬರೋ ಹುಡುಗೀರನ್ನ ನೋಡಿದ್ರೆ ಪಾಪ ಅನ್ಸತ್ತೆ, ಯಾರು ಯಾರು ಅಂತ ಗುರುತು ಹಿಡಿಯೋಕೇ ಆಗಲ್ಲ.”

ತಕೆಶಿತಾ ಬೀದಿಗೆ ಇಳಿದೆವು. ಸುಮಾರು 350 ಮೀಟರ್ ಉದ್ದದ ಇಳಿಜಾರು ಓಣಿ. ಭಾನುವಾರ ಮಧ್ಯಾಹ್ನ ಬಸವನಗುಡಿಯ ಕಡಲೆಕಾಯಿ ಪರಿಷೆಯ ಹಾಗೆ, ನಾವು ನಡೆಯುವುದಲ್ಲ, ಜನವೇ ನಮ್ಮನ್ನು ಮುಂದಕ್ಕೆ ಒಯ್ಯುತ್ತದೆ. ಎಪ್ಪತ್ತರ ದಶಕದಿಂದ ಇಲ್ಲಿ ಮಾರುತ್ತಿರುವ ಕ್ರೇಪ್, ಅಂದರೆ ತೆಳುದೋಸೆಯನ್ನು ಶಂಕುವಿನಂತೆ ಸುತ್ತಿ ಕೆನೆ, ಸ್ಟ್ರಾಬೆರಿ ತುಂಬಿದ ತಿಂಡಿ, ಎಲ್ಲರ ಕೈಯಲ್ಲೂ. ಅಗ್ಗದ ಕಾಲುಚೀಲ, ಫೋನಿನ ಕವಚ, ಕಿವಿಯೋಲೆ, ತಾರೆಯರ ಚಿತ್ರಗಳು. ಬಾಡಿಗೆ ಏರಿ, ಸಣ್ಣ ಅಂಗಡಿಗಳು ಹೋಗಿ, ಎಲ್ಲೆಲ್ಲೂ ಸಿಗುವ ಸರಕೇ ಇಲ್ಲಿಯೂ ತುಂಬಿದೆ. ನನ್ನನ್ನು ಕೇಳಿದರೆ ಈ ಬೀದಿಗೆ ಅರ್ಧ ಗಂಟೆ ಸಾಕು.

ಒಂದು ಕಡೆ ಮಾತ್ರ ನಿಲ್ಲಬೇಕು, ಪುರಿಕುರಾ ಅಂಗಡಿಯಲ್ಲಿ. ಪರದೆ ಸರಿಸಿ ಗೂಡಿನೊಳಗೆ ಹೋಗಿ ಚಿತ್ರ ತೆಗೆಸಿಕೊಂಡು, ಯಂತ್ರದ ತೆರೆಯ ಮೇಲೆ ಕಡ್ಡಿಯಿಂದ ನಕ್ಷತ್ರ, ಹೆಸರು, ತಾರೀಖು ಬರೆದು, ಅಂಟುಚೀಟಿಯಾಗಿ ಮುದ್ರಿಸಿಕೊಳ್ಳುವ ಯಂತ್ರ ಇದು. 1995ರಲ್ಲಿ ಅಟ್ಲಸ್ ಕಂಪನಿ ಸೇಗಾ ಜೊತೆಗೂಡಿ ಮಾರುಕಟ್ಟೆಗೆ ತಂದಿತು. ಅದರ ಕಲ್ಪನೆ ಅಟ್ಲಸ್‌ನ ಉದ್ಯೋಗಿ ಸಾಸಾಕಿ ಮಿಹೊ ಅವರದು. ಎಷ್ಟೋ ಅಂಗಡಿಗಳಲ್ಲಿ ಗಂಡಸರಷ್ಟೇ ಇರುವ ಗುಂಪಿಗೆ ಪ್ರವೇಶವಿಲ್ಲ. ಒಳಗೆ ಕನ್ನಡಿಗಳ ಸಾಲು, ಕೂದಲು ಸುರುಳಿ ಮಾಡುವ ಸಾಧನ, ಒಬ್ಬರ ತಲೆಗೆ ಇನ್ನೊಬ್ಬರು ಪಿನ್ನು ಸಿಕ್ಕಿಸುವ ಗಡಿಬಿಡಿ. ಅವರಲ್ಲೊಬ್ಬಳ ಮುಂದಲೆಯಲ್ಲಿ ಕೂದಲೇ ಕಾಣದಷ್ಟು ಬಣ್ಣಬಣ್ಣದ ಕ್ಲಿಪ್ಪುಗಳಿದ್ದವು. ಈ ಶೈಲಿಗೆ ‘ಡೆಕೊರಾ’ ಎನ್ನುತ್ತಾರೆ. ಕೊರಳಲ್ಲಿ ಹತ್ತಾರು ಪ್ಲಾಸ್ಟಿಕ್ ಸರ, ಮುಂಗೈಯಿಂದ ಮೊಣಕೈವರೆಗೆ ಬಳೆ, ನಡೆದರೆ ಗಲಗಲ ಸದ್ದು. ಮಸುದಾ ಸೆಬಾಸ್ಟಿಯನ್ 1995ರಲ್ಲಿ ಇಲ್ಲಿ ತೆರೆದ ‘6%ಡೋಕಿಡೋಕಿ’ ಅಂಗಡಿ ಇಂಥ ಬಣ್ಣಗಳ ನೆಲೆಯಾಯಿತು. ಗಾಯಕಿ ಕ್ಯಾರಿ ಪಾಮ್ಯು ಪಾಮ್ಯು 2011ರ ‘ಪೋನ್ ಪೋನ್ ಪೋನ್’ ಹಾಡಿನ ಚಿತ್ರಿಕೆಯ ಮೂಲಕ ಅದೇ ಬಣ್ಣವನ್ನು ಭೂಮಿಯ ಆಚೆ ಬದಿಗೂ ಮುಟ್ಟಿಸಿದಳು.

ಬೀದಿಯ ಜನಜಂಗುಳಿ ದಾಟಿ ಮೇಜಿ ರಸ್ತೆಯಲ್ಲಿ ಬಲಕ್ಕೆ ತಿರುಗಿದರೆ ಲಾಫೊರೆ, 1978ರಲ್ಲಿ ತೆರೆದ ಅಂಗಡಿ ಕಟ್ಟಡ. ಅದರ ಕೆಳ ಅಂತಸ್ತುಗಳಲ್ಲಿ ಲೋಲಿಟಾ, ಪಂಕ್ ಬಟ್ಟೆಗಳಿವೆ. ಅಂಗಡಿಯ ಹುಡುಗಿಯರೂ ಅದೇ ಉಡುಪಿನಲ್ಲಿರುತ್ತಾರೆ, ಬಾಗಿಲವರೆಗೂ ಬಂದು ಬೀಳ್ಕೊಡುತ್ತಾರೆ. ಮೂಲೆಯಲ್ಲಿ 2024ರ ಏಪ್ರಿಲ್‌ನಲ್ಲಿ ತೆರೆದ ‘ಹರಾಕಾದೊ’ ಕಟ್ಟಡವಿದೆ. ಇದರ ನೆಲಮಾಳಿಗೆಯಲ್ಲಿ ಟೋಕಿಯೊದ ಕೊಎಂಜಿ ಬಡಾವಣೆಯ ಹಳೆಯ ಸಾರ್ವಜನಿಕ ಸ್ನಾನಗೃಹ ಕೊಸುಗಿಯುವಿನ ಶಾಖೆಯಿದೆ, ಮೇಲೆ ಹಳೆಯ ಪತ್ರಿಕೆಗಳ ಓದುಮನೆ. ಅಲ್ಲಿ ಕೂತು ಪುಟ ತಿರುವುತ್ತಿದ್ದಾಗ ಅಓಕಿ ಶೊಇಚಿ ಅವರ ‘ಫ್ರೂಟ್ಸ್’ ವಿಷಯಕ್ಕೆ ಮಾತು ಬಂತು. 1997ರಿಂದ ಹರಾಜುಕುವಿನ ಬೀದಿಯಲ್ಲೇ ನಿಂತು, ರೂಪದರ್ಶಿಗಳನ್ನಲ್ಲ, ನಡೆದುಹೋಗುವ ಹುಡುಗ ಹುಡುಗಿಯರನ್ನು ತಲೆಯಿಂದ ಕಾಲಿನವರೆಗೆ ಚಿತ್ರ ತೆಗೆದು, ಯಾವ ತುಣುಕು ಎಲ್ಲಿಯದೆಂದು ಅವರ ಬಾಯಿಂದಲೇ ಕೇಳಿ ಬರೆದ ಪತ್ರಿಕೆ. ಎಷ್ಟೋ ಕಡೆ ಆ ವಿವರದಲ್ಲಿ ಕಾಣುವುದು ಹಳೆಯ ಬಟ್ಟೆ ಅಂಗಡಿ, ಇಲ್ಲವೇ ‘ಸ್ವಂತ ಕೈಕೆಲಸ’. 2017ರಲ್ಲಿ, 233 ಸಂಚಿಕೆಗಳಾದ ಮೇಲೆ, ಚಿತ್ರ ತೆಗೆಯಬೇಕೆನ್ನಿಸುವಂಥವರು ಕಾಣುತ್ತಿಲ್ಲ ಎಂದು ಅಓಕಿ ಅದನ್ನು ನಿಲ್ಲಿಸಿದರು. ಅದೇ ವರ್ಷ ಬೀದಿ ಫ್ಯಾಷನ್ ಪತ್ರಿಕೆ ‘ಕೇರಾ’ದ ಮುದ್ರಿತ ಸಂಚಿಕೆ ನಿಂತಿತು, ನಮೂನೆ ಕೊಡುತ್ತಿದ್ದ ‘ಬೈಬಲ್’ ಕೂಡ.

ಹರಾಜುಕು ಮುಗಿಯಿತೆಂದು ಆಗ ಬಹಳ ಜನ ಬರೆದರು. ನನಗೆ ಹಾಗೆನ್ನಿಸಲಿಲ್ಲ. ರಸ್ತೆಗೆ ವಾಹನ ಮರಳಿತು, ಬಾಡಿಗೆ ಏರಿತು, ಪ್ರವಾಸಿಗರ ಕ್ಯಾಮೆರಾಗಳು ಮುಖಕ್ಕೆ ಬಂದವು; ಹುಡುಗಿಯರು ಸೇತುವೆ ಬಿಟ್ಟು ಒಳಗೆ ಸರಿದರು. ಕೆಲವರು ಕೊಎಂಜಿಗೆ, ಕೆಲವರು ಶಿಮೊಕಿತಜಾವಾದ ಹಳೆಬಟ್ಟೆ ಅಂಗಡಿಗಳಿಗೆ ಹೋದರು. ಇಲ್ಲೇ ಉಳಿದವರು ಎಲ್ಲಿದ್ದಾರೆಂದು ನೋಡಲು ಹಿತ್ತಲ ಓಣಿಗಳಿಗೆ ನುಗ್ಗಬೇಕು.

‘ಕ್ಯಾಟ್ ಸ್ಟ್ರೀಟ್’ ಎಂಬ ಅಂಕುಡೊಂಕು ದಾರಿಯಲ್ಲಿ ನಡೆದರೆ ಕಾಲ ಕೆಳಗೆ ಹೊಳೆಯಿದೆ. 1964ರ ಒಲಿಂಪಿಕ್ಸ್‌ನ ಹೊತ್ತಿಗೆ ಅದನ್ನು ಮುಚ್ಚಿ ದಾರಿ ಮಾಡಿದರು. ಒಂಡೆನ್ ಎಂಬ ಹಳ್ಳಿ ಇಲ್ಲಿತ್ತು. ಚಿತ್ರಕಾರ ಹೊಕುಸಾಯಿ ಫ್ಯೂಜಿ ಪರ್ವತದ ಚಿತ್ರಮಾಲೆಯಲ್ಲಿ ಒಂಡೆನ್‌ನ ನೀರಗಿರಣಿಯನ್ನು ಬರೆದಿದ್ದಾನೆ. ಅದರಲ್ಲಿ ನೀರಿನಂಚಿಗೆ ಬಾಗಿ ಕೆಲಸ ಮಾಡುವ ಹೆಂಗಸರಿದ್ದಾರೆ. ಈಗ ಅದೇ ಜಾಗದಲ್ಲಿ, ಎಷ್ಟೋ ತಲೆಮಾರು ಕಳೆದು, ಹುಡುಗಿಯರು ಅಂಗಡಿಯ ಮೆಟ್ಟಿಲ ಮೇಲೆ ಕೂತು ಬೂಟಿನ ಲೇಸು ಕಟ್ಟಿಕೊಳ್ಳುತ್ತಿದ್ದರು.

ಹಳೆಯ ಕಿಮೊನೊ ಮಾರುವ ಅಂಗಡಿಯೊಂದಕ್ಕೆ ಹೊಕ್ಕೆವು. ಹೊಸ ಕಿಮೊನೊ ಬೆಲೆ ಲಕ್ಷಗಟ್ಟಲೆ ಯೆನ್, ಇಲ್ಲಿ ಕೆಲವು ಸಾವಿರಕ್ಕೂ ಸಿಗುತ್ತವೆ. ಯುವತಿಯರು ಅಜ್ಜಿಯ ಕಾಲದ ರೇಷ್ಮೆಯನ್ನು ಕೊಂಡು, ಒಳಗೆ ಎತ್ತರ ಕತ್ತಿನ ಸ್ವೆಟರ್, ಕಾಲಿಗೆ ಚರ್ಮದ ಬೂಟು, ಒಬಿಗೆ ಲೇಸಿನ ಪಟ್ಟಿ ಸೇರಿಸಿ ಉಡುತ್ತಾರೆ. ಹಿರಿಯರು ಕಲಿಸಿದ ಉಡುವ ನಿಯಮ ಹೀಗಲ್ಲ, ಆದರೆ ಪೆಟ್ಟಿಗೆಯಲ್ಲಿ ಮಡಿಚಿಟ್ಟು ಜೀರ್ಣವಾಗುವುದಕ್ಕಿಂತ ಬೀದಿಯಲ್ಲಿ ಓಡಾಡುವುದು ರೇಷ್ಮೆಗೆ ಒಳ್ಳೆಯದು. ಆ ಮಡಿಕೆಗಳ ಮೇಲೆ ಕೈಯಾಡಿಸುವಾಗ ನನಗೆ ಬೆಂಗಳೂರು ನೆನಪಾಯಿತು, ಅದಕ್ಕೆ ಕಾರಣವಿದೆ. ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಜಮ್ಸೆಟ್‌ಜಿ ಟಾಟಾ ಜಪಾನಿ ತಜ್ಞರನ್ನು ಕರೆಸಿ ಬೆಂಗಳೂರಿನಲ್ಲಿ ರೇಷ್ಮೆ ತೋಟ ಮಾಡಿಸಿದರು. ಬಸವನಗುಡಿಯ ಪಕ್ಕದ ಬಡಾವಣೆಯೊಂದು ಇಂದಿಗೂ ಟಾಟಾ ಸಿಲ್ಕ್ ಫಾರ್ಮ್. 1991ರಿಂದ ಜಪಾನಿನ ನೆರವಿನಲ್ಲಿ ದ್ವಿತಳಿ ರೇಷ್ಮೆಹುಳು ಸಾಕಣೆಯ ಯೋಜನೆಯೂ ಕರ್ನಾಟಕದಲ್ಲಿ ನಡೆಯಿತು. ನಮ್ಮ ರಾಮನಗರದ ಗೂಡಿಗೂ ಈ ದೇಶದ ಕೈಗೂ ನೂರು ವರ್ಷ ಮೀರಿದ ನಂಟು. ಕಪ್ಪು ಹಿನ್ನೆಲೆಯ ಮೇಲೆ ಸೇವಂತಿಗೆ ಬಿಡಿಸಿದ ಕಿಮೊನೊ ಒಂದನ್ನು ಅಕ್ಕನ ಮಗಳು ಕೊಂಡಳು, ಊರಿಗೆ ಬಂದಾಗ ಅದರಿಂದ ರವಿಕೆ ಹೊಲಿಸುತ್ತಾಳಂತೆ.

ಕೊನೆಗೆ ಡಿಸೈನ್ ಫೆಸ್ಟಾ ಗ್ಯಾಲರಿ. ಹಳೆಯ ವಸತಿ ಕಟ್ಟಡವೊಂದಕ್ಕೆ ಬಣ್ಣ ಬಳಿದು, ಹೊರಗೆಲ್ಲ ಕೊಳವೆಗಳ ಬಲೆ ಹೆಣೆದು, 1998ರಲ್ಲಿ ತೆರೆದರು. ಇಲ್ಲಿ ಒಂದು ಕೋಣೆಯನ್ನೋ, ಒಂದು ಗೋಡೆಯನ್ನೋ ದಿನದ ಬಾಡಿಗೆಗೆ ಯಾರು ಬೇಕಾದರೂ ಹಿಡಿಯಬಹುದು. ಆಯ್ಕೆ ಸಮಿತಿಯಿಲ್ಲ, ಪದವಿ ಕೇಳುವವರಿಲ್ಲ. ಅಡುಗೆಮನೆಯಷ್ಟು ಸಣ್ಣ ಕೋಣೆಯಲ್ಲಿ ಯುವತಿಯೊಬ್ಬಳು ತಾನು ಕಸೂತಿ ಹಾಕಿದ ಬ್ರೋಚ್‌ಗಳನ್ನು ಜೋಡಿಸಿಕೊಂಡು ಕೂತಿದ್ದಳು. ನಗರದ ಹಕ್ಕಿಗಳು: ಕಾಗೆ, ಗುಬ್ಬಿ, ಪಾರಿವಾಳ. ವಾರವೆಲ್ಲ ಲೆಕ್ಕಪತ್ರದ ಕೆಲಸ, ರಾತ್ರಿ ಕಸೂತಿ. ಒಂದು ಕಾಗೆಗೆ ನಾಲ್ಕು ಬಗೆಯ ಕಪ್ಪು ದಾರ ಬಳಸಿದ್ದಾಳೆ, ಕಾಗೆ ಬರೀ ಕಪ್ಪಲ್ಲ ಎಂದಳು. ಅಷ್ಟರಲ್ಲಿ ಪಕ್ಕದ ಕೋಣೆಯವಳು, ಸ್ವಂತ ಮಂಗಾ, ಅಂದರೆ ಚಿತ್ರಕಥೆಯ ಪುಸ್ತಕ ಅಚ್ಚುಹಾಕಿಸಿದವಳು, ಬಂದು ಸೇರಿಕೊಂಡಳು. ಸ್ವಂತ ಪ್ರಕಟಣೆಯ ಮಂಗಾ ಸಂತೆ ಕೊಮಿಕೆಟ್ 1975ರಲ್ಲಿ ಮೊದಲ ಬಾರಿ ನಡೆದಾಗ ಬಂದವರಲ್ಲಿ ಹೆಚ್ಚಿನವರು ಶಾಲಾ ಹುಡುಗಿಯರೇ ಆಗಿದ್ದರು. ಈಗ ಅದಕ್ಕೆ ಬರುವವರು ಲಕ್ಷ ಲಕ್ಷ. ಬೀದಿಯ ಉಡುಪಿಗೂ ಈ ಗೋಡೆಗಳಿಗೂ ಬೇರು ಒಂದೇ. ತನಗೆ ಬೇಕಾದದ್ದು ಅಂಗಡಿಯಲ್ಲಿ ಸಿಗದಿದ್ದರೆ ತಾನೇ ಮಾಡಿಕೊಳ್ಳುವ ಹುಡುಗಿಯರಿಂದಲೇ ಹರಾಜುಕು ಆಗಿದೆ. ಅದಕ್ಕೆ ಅಂಗಡಿಗಳಿಗಿಂತ ಬಾಡಿಗೆ ಕಡಿಮೆಯ ಗೋಡೆ, ವಾಹನವಿಲ್ಲದ ರಸ್ತೆ ಹೆಚ್ಚು ಉಪಕಾರ ಮಾಡಿವೆ.

ಟೋಕಿಯೊಗೆ ಹೋಗುವವರು ಹರಾಜುಕುವಿಗೆ ಭಾನುವಾರವೇ ಹೋಗಿ, ಬೆಳಿಗ್ಗೆ ಹನ್ನೊಂದರ ಹೊತ್ತಿಗೆ ಸೇತುವೆಯಿಂದ ಶುರುಮಾಡಿ. ತಕೆಶಿತಾದಲ್ಲಿ ಕ್ರೇಪ್ ತಿಂದು ಹಿತ್ತಲ ಓಣಿಗಳಿಗೆ ಹೊರಳಿ. ಡಿಸೈನ್ ಫೆಸ್ಟಾ ಗ್ಯಾಲರಿಗೆ ಪ್ರವೇಶಧನವಿಲ್ಲ, ಅಲ್ಲಿಗೆ ಎರಡು ಗಂಟೆ ಎತ್ತಿಡಿ. ಸಿಂಗರಿಸಿಕೊಂಡು ಬಂದ ಯಾರನ್ನು ಕಂಡರೂ ಚಿತ್ರ ತೆಗೆಯುವ ಮೊದಲು ಕೇಳಿ. ಬೇಡವೆಂದರೆ ಕ್ಯಾಮೆರಾ ಕೆಳಗಿಳಿಸಿ. ಒಪ್ಪಿದರೆ, ಉಡುಪಿನಲ್ಲಿ ಅವರೇ ಮಾಡಿದ್ದು ಯಾವುದೆಂದು ತಪ್ಪದೆ ವಿಚಾರಿಸಿ.